ಅತಿ ವೇಗದ ಹಡಗು ದಕ್ಕೆಯಲ್ಲಿ 28 ವರ್ಷ ನಿಂತದ್ದು ಯಾಕೆ?

2025ರ ಫೆಬ್ರುವರಿ 19ರಂದು ಅಮೆರಿಕದ ಫಿಲಡೆಲ್ಫಿಯಾದಿಂದ ಒಂದು ಹಳೇ ಹಡಗು ಹೊರಟಿತು. ತಾನಾಗಿ ಹೊರಡುವ ಶಕ್ತಿ ಅದಕ್ಕಿರಲಿಲ್ಲ, ಟಗ್ ದೋಣಿಗಳು ಎಳೆಯುತ್ತಿದ್ದವು. ಉದ್ದ 990 ಅಡಿ. ಮೈಮೇಲಿನ ಬಣ್ಣ ಹಪ್ಪಳದ ಹಾಗೆ ಎದ್ದು ಉದುರುತ್ತಿತ್ತು. ಎರಡು ದೊಡ್ಡ ಹೊಗೆಕೊಳವೆಗಳ ಕೆಂಪು ಬಣ್ಣ ಬಿಸಿಲಿಗೆ ಮಾಸಿ ಗುಲಾಬಿಯಾಗಿತ್ತು. ಡೆಲವೇರ್ ನದಿಯ ಸೇತುವೆಗಳ ಕೆಳಗೆ ನುಸುಳಬೇಕಲ್ಲ, ಅದಕ್ಕೆ ನೀರು ಇಳಿಯುವ ಹೊತ್ತು ನೋಡಿ ಹೊರಡಿಸಿದ್ದರು. ದಂಡೆಯ ಮೇಲೆ ನಿಂತು ನೋಡುತ್ತಿದ್ದ ಕೆಲವರು ಅಳುತ್ತಿದ್ದರು.

ಇದು ಎಸ್‌ಎಸ್ ಯುನೈಟೆಡ್ ಸ್ಟೇಟ್ಸ್. ಅಟ್ಲಾಂಟಿಕ್ ಸಾಗರವನ್ನು ಇದರಷ್ಟು ಬೇಗ ದಾಟಿದ ದೊಡ್ಡ ಪ್ರಯಾಣಿಕರ ಹಡಗು ಇನ್ನೊಂದಿಲ್ಲ. ಫ್ಲಾರಿಡಾದ ಸಮುದ್ರದಲ್ಲಿ ಬೇಕೆಂದೇ ಮುಳುಗಿಸಲು ಇದನ್ನು ಒಯ್ಯುತ್ತಿದ್ದರು. ಈ ಸುದ್ದಿ ಓದಿದವರಿಗೆ ತಲೆ ಕೆಡುವುದು ಸಹಜ. ಒಂದು ಕಡೆ ರಾಷ್ಟ್ರದ ಪರಂಪರೆ ಅಂತಾರೆ, ಇನ್ನೊಂದು ಕಡೆ ಬಾಡಿಗೆ ತಕರಾರು ಅಂತಾರೆ, ಮತ್ತೊಂದು ಕಡೆ ಮೀನಿಗೆ ಮನೆ ಅಂತಾರೆ. ಮೂರೂ ನಿಜ. ಆದರೆ ಇವು ಒಂದಕ್ಕೊಂದು ಗಂಟು ಬಿದ್ದದ್ದು ಹೇಗೆ ಅಂತ ತಿಳಿಯಲು ಸ್ವಲ್ಪ ಹಿಂದಕ್ಕೆ ಹೋಗಬೇಕು.

1838ರ ಏಪ್ರಿಲ್. ಐರ್ಲೆಂಡಿನ ಕಾರ್ಕ್‌ನಿಂದ ಹೊರಟ ಸಿರಿಯಸ್ ಅನ್ನುವ ಸ್ಟೀಮರ್ 18 ದಿನದಲ್ಲಿ ನ್ಯೂಯಾರ್ಕ್ ಮುಟ್ಟಿತು. ಮಾರನೇ ದಿನವೇ ಗ್ರೇಟ್ ವೆಸ್ಟರ್ನ್ ಬಂತು. ಅದು ಬ್ರಿಸ್ಟಲ್‌ನಿಂದ ಹೊರಟು 15 ದಿನದಲ್ಲಿ ತಲುಪಿತ್ತು, ಹೊಟ್ಟೆಯಲ್ಲಿ ಇನ್ನೂ ಸುಮಾರು 200 ಟನ್ ಕಲ್ಲಿದ್ದಲು ಉಳಿದಿತ್ತು. ಅಲ್ಲಿಯವರೆಗೆ ಬಹಳ ಜನರ ನಂಬಿಕೆ ಏನೆಂದರೆ, ಅಷ್ಟು ದೂರಕ್ಕೆ ಬೇಕಾದ ಕಲ್ಲಿದ್ದಲು ತುಂಬಿದರೆ ಬೇರೇನಕ್ಕೂ ಜಾಗ ಉಳಿಯುವುದಿಲ್ಲ. ಗ್ರೇಟ್ ವೆಸ್ಟರ್ನ್ ರೂಪಿಸಿದ ಎಂಜಿನಿಯರ್ ಬ್ರುನೆಲ್ ಲೆಕ್ಕ ಬೇರೆ ಇತ್ತು. ಹಡಗಿನ ಅಳತೆಯನ್ನು ಎಲ್ಲ ಕಡೆ ಎರಡು ಪಟ್ಟು ಮಾಡಿದರೆ ಒಳಗಿನ ಜಾಗ ಎಂಟು ಪಟ್ಟಾಗುತ್ತದೆ, ನೀರು ಒಡ್ಡುವ ತಡೆ ಸುಮಾರು ನಾಲ್ಕು ಪಟ್ಟು ಮಾತ್ರ. ಅಂದರೆ ದೊಡ್ಡ ಹಡಗೇ ಅಗ್ಗ. ಮುಂದಿನ ನೂರು ವರ್ಷ ಹಡಗುಗಳು ದೊಡ್ಡದಾಗುತ್ತಲೇ ಹೋದದ್ದಕ್ಕೆ ಬುಡದಲ್ಲಿರುವುದು ಈ ಲೆಕ್ಕ.

ಓಡಲು ಬರುವುದು ಬೇರೆ, ಓಡಿಸಿ ಬದುಕುವುದು ಬೇರೆ. ಸಾಗರ ದಾಟುವ ಹಡಗುಗಳಿಗೆ ದುಡ್ಡು ಬಂದದ್ದು ಮೂರು ಕಿಸೆಗಳಿಂದ. ಮೊದಲನೆಯದು ಟಪಾಲು. ಸ್ಯಾಮ್ಯುಯೆಲ್ ಕ್ಯುನಾರ್ಡ್ 1840ರಲ್ಲಿ ಬ್ರಿಟಾನಿಯಾ ಹಡಗು ಬಿಟ್ಟದ್ದು ಬ್ರಿಟಿಷ್ ಸರ್ಕಾರದ ಟಪಾಲಿನ ಗುತ್ತಿಗೆ ಕೈಯಲ್ಲಿಟ್ಟುಕೊಂಡು. ಎರಡನೆಯದು ಊರು ಬಿಟ್ಟು ಹೋಗುವ ಬಡವರು. ಕೆಳಗಿನ ಅಂತಸ್ತಿನಲ್ಲಿ ಸಾವಿರಗಟ್ಟಲೆ ಜನ ತುಂಬಿಕೊಂಡು ಹೋಗುತ್ತಿದ್ದರು. 1907 ಒಂದೇ ವರ್ಷದಲ್ಲಿ ನ್ಯೂಯಾರ್ಕಿನ ಎಲ್ಲಿಸ್ ದ್ವೀಪದ ಮೂಲಕ 10 ಲಕ್ಷಕ್ಕೂ ಹೆಚ್ಚು ಜನ ಅಮೆರಿಕಕ್ಕೆ ಬಂದರು. ಮೇಲಿನ ಅಂತಸ್ತಿನ ಝಗಮಗ ಫೋಟೊಗಳನ್ನೇ ನಾವು ಜಾಸ್ತಿ ನೋಡಿರುತ್ತೇವೆ, ಆದರೆ ಹೊಟ್ಟೆ ತುಂಬಿಸಿದವರು ಕೆಳಗಿನವರು. ಮೂರನೆಯದು ಯುದ್ಧ. 1907ರ ಲೂಸಿಟಾನಿಯಾ, ಮಾರಿಟಾನಿಯಾ ಕಟ್ಟಲು ಬ್ರಿಟಿಷ್ ಸರ್ಕಾರ 26 ಲಕ್ಷ ಪೌಂಡ್ ಸಾಲ ಕೊಟ್ಟಿತು, ವರ್ಷಕ್ಕೆ ಒಂದೂವರೆ ಲಕ್ಷ ಪೌಂಡ್ ಸಹಾಯಧನವನ್ನೂ ಕೊಟ್ಟಿತು. ಯುದ್ಧ ಬಂದರೆ ಹಡಗು ನಮಗೆ ಅನ್ನುವುದು ಷರತ್ತು.

ನಮ್ಮ ಕಡೆಯ ಕಥೆಯೂ ಇದೇ. ಬೊಂಬಾಯಿಯಲ್ಲಿ ಹತ್ತಿಸಿಕೊಂಡು ಸೂಯೆಜ್ ಕಾಲುವೆ ದಾಟಿ ವಿಲಾಯಿತಿಗೆ ಹೋಗುತ್ತಿದ್ದ ಪಿ ಆಂಡ್ ಒ ಅನ್ನುವ ಬ್ರಿಟಿಷ್ ಕಂಪನಿಯ ಹಡಗುಗಳಿಗೂ ಟಪಾಲಿನ ಗುತ್ತಿಗೆಯೇ ಬೆನ್ನೆಲುಬು. 1931ರಲ್ಲಿ ಗಾಂಧೀಜಿ ದುಂಡುಮೇಜಿನ ಪರಿಷತ್ತಿಗೆ ಹೋದದ್ದು ಆ ಕಂಪನಿಯ ರಜಪೂತಾನಾ ಹಡಗಿನಲ್ಲಿ. ಎರಡನೇ ಮಹಾಯುದ್ಧ ಬಂದಾಗ ಅದೇ ರಜಪೂತಾನಾಕ್ಕೆ ತೋಪು ಕಟ್ಟಿದರು. 1941ರಲ್ಲಿ ಜರ್ಮನ್ ಜಲಾಂತರ್ಗಾಮಿ ಅದನ್ನು ಮುಳುಗಿಸಿತು.

ಕಿಸೆ ಮುಚ್ಚಿದರೆ ಏನಾಗುತ್ತದೆ ಅಂತ ಅಮೆರಿಕ ಮೊದಲೇ ನೋಡಿತ್ತು. 1850ರಲ್ಲಿ ಶುರುವಾದ ಕಾಲಿನ್ಸ್ ಲೈನ್ ಕಂಪನಿ ಸರ್ಕಾರದ ಟಪಾಲು ದುಡ್ಡಿನಲ್ಲಿ ಕ್ಯುನಾರ್ಡ್ ಹಡಗುಗಳನ್ನೇ ಹಿಂದೆ ಹಾಕಿತು. 1854ರಲ್ಲಿ ಅದರ ಹಡಗು ಆರ್ಕ್‌ಟಿಕ್ ಡಿಕ್ಕಿಯಾಗಿ ಮುಳುಗಿತು, 1856ರಲ್ಲಿ ಇನ್ನೊಂದು ಹಡಗು ಪೆಸಿಫಿಕ್ ಎಲ್ಲಿ ಹೋಯಿತೆಂದೇ ಗೊತ್ತಾಗಲಿಲ್ಲ. ಸಹಾಯಧನ ಕಡಿತವಾಯಿತು, 1858ಕ್ಕೆ ಕಂಪನಿಯೂ ಮುಗಿಯಿತು. 1924ರಲ್ಲಿ ಅಮೆರಿಕ ವಲಸೆ ಬರುವವರಿಗೆ ಕಟ್ಟುನಿಟ್ಟಿನ ಮಿತಿ ಹಾಕಿದಾಗ ಎರಡನೇ ಕಿಸೆಯೂ ಬಹುತೇಕ ಖಾಲಿಯಾಯಿತು. ಉಳಿದದ್ದು ಯುದ್ಧ ಮತ್ತು ದೇಶದ ಮರ್ಯಾದೆ. ನಾರ್ಮಂಡಿ, ಕ್ವೀನ್ ಮೇರಿಯಂಥ 1930ರ ದಶಕದ ಅರಮನೆ ಹಡಗುಗಳೆಲ್ಲ ಸರ್ಕಾರದ ದುಡ್ಡಿನ ಆಸರೆಯಲ್ಲೇ ಕಟ್ಟಿ ಮುಗಿದವು. ಆ ಕ್ವೀನ್ ಮೇರಿ 1943ರ ಜುಲೈನಲ್ಲಿ ಒಂದೇ ಸಲಕ್ಕೆ 16,683 ಜನರನ್ನು, ಹೆಚ್ಚಿನವರು ಸೈನಿಕರು, ಅಟ್ಲಾಂಟಿಕ್ ದಾಟಿಸಿತು. ಅದನ್ನು ನೋಡಿದ ಅಮೆರಿಕಕ್ಕೆ ತನ್ನದೂ ಅಂಥದ್ದೊಂದು ಇರಬೇಕು ಅನ್ನಿಸಿತು.

ಇಲ್ಲಿ ವಿಲಿಯಂ ಫ್ರಾನ್ಸಿಸ್ ಗಿಬ್ಸ್ ಬರುತ್ತಾರೆ. ಹುಟ್ಟಿದ್ದು 1886ರಲ್ಲಿ, ಇದೇ ಫಿಲಡೆಲ್ಫಿಯಾದಲ್ಲಿ. ಎಂಟು ವರ್ಷದ ಹುಡುಗನಾಗಿದ್ದಾಗ ಊರಿನ ಹಡಗುಕಟ್ಟೆಯಿಂದ ಸೇಂಟ್ ಲೂಯಿಸ್ ಅನ್ನುವ ಹಡಗು ನೀರಿಗಿಳಿದದ್ದನ್ನು ನೋಡಿದರು. ಆ ಗುಂಗು ಸಾಯುವವರೆಗೆ ಬಿಡಲಿಲ್ಲ. ಅಪ್ಪನ ಮಾತಿಗೆ ಕಾನೂನು ಓದಿದರು, ಹಡಗು ಕಟ್ಟುವುದನ್ನು ತಾವಾಗಿಯೇ ಕಲಿತರು. ಅಮೆರಿಕದ ಅತಿ ದೊಡ್ಡ, ಅತಿ ವೇಗದ ಹಡಗು ಕಟ್ಟಬೇಕು ಅನ್ನುವ ಆಸೆ ಕೈಗೂಡುವ ಹೊತ್ತಿಗೆ ಅವರಿಗೆ ಅರವತ್ತು ದಾಟಿತ್ತು.

1950ರ ಫೆಬ್ರುವರಿಯಲ್ಲಿ ವರ್ಜೀನಿಯಾದ ನ್ಯೂಪೋರ್ಟ್ ನ್ಯೂಸ್‌ನಲ್ಲಿ ಕೆಲಸ ಶುರುವಾಯಿತು. ಖರ್ಚು ಸುಮಾರು 7.8 ಕೋಟಿ ಡಾಲರ್. ಅದರಲ್ಲಿ 5 ಕೋಟಿ ಸರ್ಕಾರದ್ದು, ಉಳಿದದ್ದು ಹಡಗು ಕಂಪನಿಯದು. ಷರತ್ತು ಹಳೆಯದೇ. ಯುದ್ಧ ಬಂದರೆ ಎರಡು ದಿನದೊಳಗೆ ಇದು 14,000 ಸೈನಿಕರನ್ನು ಹೊರುವ ಹಡಗಾಗಬೇಕು. ಹಾಗಾಗಿ ಎಂಜಿನ್ ಕೋಣೆಗಳು ಎರಡು, ಒಂದಕ್ಕೆ ಗುಂಡು ಬಿದ್ದರೆ ಇನ್ನೊಂದು ಓಡಲಿ ಅಂತ. ನೀರಿನ ಕೆಳಗಿನ ಭಾಗದ ಆಕಾರವನ್ನು ವರ್ಷಗಟ್ಟಲೆ ಗುಟ್ಟಾಗಿಟ್ಟರು. ನಾಲ್ಕು ಪ್ರೊಪೆಲರ್‌ಗಳಲ್ಲಿ ಹೊರಗಿನ ಎರಡಕ್ಕೆ ನಾಲ್ಕು ಅಲಗು, ಒಳಗಿನ ಎರಡಕ್ಕೆ ಐದು ಅಲಗು. ನಡುಕ ಕಡಿಮೆಯಾಗಲಿ ಅಂತ ಹೀಗೆ ಯೋಚಿಸಿದವರು ಗಿಬ್ಸ್ ಕಚೇರಿಯ ಎಲೇನ್ ಕ್ಯಾಪ್ಲನ್ ಅನ್ನುವ ಎಂಜಿನಿಯರ್. ಆ ಕಾಲಕ್ಕೆ ಆ ಕೆಲಸದಲ್ಲಿ ಒಬ್ಬ ಹೆಂಗಸು ಅನ್ನುವುದು ಸಣ್ಣ ಮಾತಲ್ಲ.

ಗಿಬ್ಸ್ ಅವರಿಗೆ ಬೆಂಕಿ ಅಂದರೆ ಆಗುತ್ತಿರಲಿಲ್ಲ. ಅದಕ್ಕೆ ಕಾರಣವೂ ಇತ್ತು. 1934ರಲ್ಲಿ ಮಾರೋ ಕ್ಯಾಸಲ್ ಹಡಗಿಗೆ ಬೆಂಕಿ ಬಿದ್ದು 137 ಜನ ಸತ್ತಿದ್ದರು. 1942ರಲ್ಲಿ ನಾರ್ಮಂಡಿ ನ್ಯೂಯಾರ್ಕ್ ಬಂದರಿನಲ್ಲೇ ಹೊತ್ತಿ ಉರಿದು ಮಗ್ಗುಲಾಗಿತ್ತು. ಹಾಗಾಗಿ ಈ ಹಡಗಿನಲ್ಲಿ ಮರ ಬೇಡ ಅಂದರು. ಕುರ್ಚಿ ಅಲ್ಯುಮಿನಿಯಂ, ಬಟ್ಟೆ ತೂಗುಹಾಕುವ ಹ್ಯಾಂಗರ್ ಅಲ್ಯುಮಿನಿಯಂ, ಪರದೆಯ ಬಟ್ಟೆ ಗಾಜಿನ ನಾರಿನದು. ಮರ ಅಂತ ಉಳಿದದ್ದು ಎರಡೇ ಅನ್ನುತ್ತಾರೆ: ಅಡುಗೆಮನೆಯಲ್ಲಿ ಮಾಂಸ ಕಡಿಯುವ ಕೊರಡು ಮತ್ತು ಪಿಯಾನೊ. ಪಿಯಾನೊ ಕೂಡ ಅಲ್ಯುಮಿನಿಯಂದೇ ಬೇಕು ಅಂತ ಹಟ ಹಿಡಿದಿದ್ದರಂತೆ. ಕೊನೆಗೆ ಬೇಗ ಬೆಂಕಿ ಹಿಡಿಯದ ಜಾತಿಯ ಮಹೋಗನಿ ಮರಕ್ಕೆ ಒಪ್ಪಿಕೊಂಡರು. ಗೋಡೆಗಳಿಗೆಲ್ಲ ಕಲ್ನಾರಿನ (ಆಸ್ಬೆಸ್ಟಾಸ್) ಹಲಗೆ ಬಡಿಸಿದರು. ಈ ಕಲ್ನಾರಿನ ವಿಷಯ ನೆನಪಿನಲ್ಲಿರಲಿ.

1952ರ ಜುಲೈ 3ರಂದು ಮೊದಲ ಪ್ರಯಾಣ. ಅಟ್ಲಾಂಟಿಕ್ ದಾಟಲು ಹಿಡಿದದ್ದು 3 ದಿನ, 10 ಗಂಟೆ, 40 ನಿಮಿಷ. ಸರಾಸರಿ ವೇಗ 35.59 ನಾಟ್, ಅಂದರೆ ಗಂಟೆಗೆ ಸುಮಾರು 66 ಕಿಲೋಮೀಟರ್. 53,000 ಟನ್ನಿನ ಒಂದು ಊರೇ ಹೆದ್ದಾರಿಯ ಬಸ್ಸಿನ ವೇಗದಲ್ಲಿ, ಮೂರೂವರೆ ದಿನ ನಿಲ್ಲದೆ ಓಡಿದ ಹಾಗೆ. 1938ರಿಂದ ಕ್ವೀನ್ ಮೇರಿ ಹೆಸರಲ್ಲಿದ್ದ ದಾಖಲೆ ಹತ್ತು ಗಂಟೆಯ ಅಂತರದಲ್ಲಿ ಮುರಿಯಿತು. ಅಷ್ಟಾದರೂ ಎಂಜಿನ್‌ಗಳ ಪೂರ್ತಿ ಶಕ್ತಿ ಬಳಸಿರಲಿಲ್ಲ. ಪರೀಕ್ಷೆಯ ಓಟದಲ್ಲಿ 38 ನಾಟ್ ದಾಟಿತ್ತು ಅನ್ನುವುದು ಹೊರಬಂದದ್ದು ಎಷ್ಟೋ ವರ್ಷಗಳ ಮೇಲೆ. ಗಿಬ್ಸ್ ದಿನಾ ಹಡಗಿಗೆ ಫೋನ್ ಮಾಡಿ ಕ್ಷೇಮ ವಿಚಾರಿಸುತ್ತಿದ್ದರು. ದೂರದ ಊರಲ್ಲಿ ಓದುವ ಮಗಳಿಗೆ ಅಪ್ಪ ಮಾಡಿದ ಹಾಗೆ.

ಸಿಕ್ಕಿದ್ದು ಆರು ವರ್ಷ ಮಾತ್ರ. 1958ರ ಅಕ್ಟೋಬರ್‌ನಲ್ಲಿ ಅಟ್ಲಾಂಟಿಕ್ ಮೇಲೆ ಜೆಟ್ ವಿಮಾನಗಳು ಹಾರತೊಡಗಿದವು. ಆ ವರ್ಷವೇ ವಿಮಾನದಲ್ಲಿ ಹೋದವರು ಹಡಗಿನವರಿಗಿಂತ ಜಾಸ್ತಿಯಾದರು. ಮೂರೂವರೆ ದಿನದ ದಾಖಲೆಗೆ ಏಳೆಂಟು ಗಂಟೆಯ ಉತ್ತರ. ಸೈನಿಕರೂ ವಿಮಾನ ಹತ್ತಿದರು. ಈ ಹಡಗು ಒಂದು ಸಲವೂ ಸೈನಿಕರ ಹಡಗಾಗಿ ಯುದ್ಧಕ್ಕೆ ಹೋಗಲಿಲ್ಲ. ಗಿಬ್ಸ್ 1967ರಲ್ಲಿ ತೀರಿಕೊಂಡರು. 1969ರ ನವೆಂಬರ್‌ನಲ್ಲಿ ಹಡಗು ವಾರ್ಷಿಕ ರಿಪೇರಿಗೆ ಅಂತ ಹೋಯಿತು, ಮತ್ತೆ ಪ್ರಯಾಣಿಕರನ್ನು ಹತ್ತಿಸಿಕೊಳ್ಳಲಿಲ್ಲ.

ಆಮೇಲಿನದ್ದು ಕೈಯಿಂದ ಕೈಗೆ ಬದಲಾದ ಕಥೆ. 1973ರಲ್ಲಿ ಸರ್ಕಾರದ ಕೈಗೆ ಬಂತು. ಐದಾರು ವರ್ಷದ ಮೇಲೆ ಸಿಯಾಟಲ್‌ನ ಒಬ್ಬ ಉದ್ಯಮಿ ಕೊಂಡರು, ತೇಲುವ ವಸತಿ ಮಾಡುವ ಆಸೆಯಿಂದ. ದುಡ್ಡು ಹೊಂದಲಿಲ್ಲ. ಸಾಲ ತೀರಿಸಲು 1984ರಲ್ಲಿ ಒಳಗಿನ ಸಾಮಾನನ್ನೆಲ್ಲ ಹರಾಜು ಹಾಕಿದರು. ಕುರ್ಚಿ, ತಟ್ಟೆ, ದೀಪ, ಹಾಸಿಗೆ ಎಲ್ಲ ಚೆಲ್ಲಾಪಿಲ್ಲಿಯಾದವು. ಈ ಇಡೀ ಇತಿಹಾಸದಲ್ಲಿ ನನ್ನನ್ನು ಜಾಸ್ತಿ ಕಾಡುವ ವರ್ಷ ಇದೇ. ಅಲ್ಲಿಯವರೆಗೆ ಹಡಗು ಬಾಗಿಲು ಹಾಕಿದ ಮನೆಯಂತಿತ್ತು, ಕೀಲಿ ತೆಗೆದರೆ ಬಾಳಬಹುದಾಗಿತ್ತು.

1992ರಲ್ಲಿ ಹೊಸ ಮಾಲೀಕರು ಟರ್ಕಿಗೆ ಎಳೆಸಿಕೊಂಡು ಹೋದರು. ಅಲ್ಲಿಂದ ಕಪ್ಪು ಸಮುದ್ರದ ಬಂದರು ಸೆವಾಸ್ತೊಪೋಲ್‌ಗೆ ಒಯ್ದು ಕಲ್ನಾರು ತೆಗೆಸಿದರು. ಅಷ್ಟರಲ್ಲಿ ಕಲ್ನಾರಿನ ಧೂಳು ಶ್ವಾಸಕೋಶ ತಿನ್ನುತ್ತದೆ ಅನ್ನುವುದು ಎಲ್ಲರಿಗೂ ಗೊತ್ತಾಗಿತ್ತು, ತೆಗೆಯದೆ ಬೇರೆ ದಾರಿಯಿರಲಿಲ್ಲ. ಗೋಡೆಗಳೇ ಕಲ್ನಾರಿನವು, ಹಾಗಾಗಿ ಗೋಡೆಗಳೇ ಹೋದವು. ಬೆಂಕಿಯಿಂದ ಕಾಪಾಡಲು ಹಾಕಿದ್ದು ಹೋಗುವಾಗ ಒಳಾಂಗಣವನ್ನೇ ಕಿತ್ತುಕೊಂಡು ಹೋಯಿತು. 1996ರಲ್ಲಿ ಫಿಲಡೆಲ್ಫಿಯಾದ 82ನೇ ದಕ್ಕೆಗೆ ಬಂದು ನಿಂತಾಗ ಅದು ಬರೀ ಕಬ್ಬಿಣ ಮತ್ತು ಅಲ್ಯುಮಿನಿಯಂನ ಚಿಪ್ಪು. ಎದುರಿನ ಐಕಿಯಾ ಅಂಗಡಿಯ ಕ್ಯಾಂಟೀನ್ ಕಿಟಕಿಯಿಂದ ಕಾಣುತ್ತಿತ್ತು. ಜನ ಊಟ ಮಾಡುತ್ತಾ ನೋಡುತ್ತಿದ್ದರು.

2003ರಲ್ಲಿ ನಾರ್ವೀಜಿಯನ್ ಕ್ರೂಸ್ ಲೈನ್ ಕೊಂಡಿತು, ಮತ್ತೆ ಓಡಿಸುವ ಯೋಚನೆಯಿಂದ. ಅದು ಆಗಲಿಲ್ಲ. ಗುಜರಿಯವರು ಜಾಸ್ತಿ ಕೊಡುತ್ತೇವೆ ಅಂದರೂ 30 ಲಕ್ಷ ಡಾಲರ್‌ಗೆ ಹಡಗನ್ನು ಉಳಿಸಹೊರಟ ಟ್ರಸ್ಟಿಗೇ ಮಾರಿತು. 2011ರಲ್ಲಿ ಹಡಗು ಟ್ರಸ್ಟಿನದಾಯಿತು. ಅದನ್ನು ನಡೆಸುತ್ತಿದ್ದವರು ಗಿಬ್ಸ್ ಅವರ ಮೊಮ್ಮಗಳು ಸೂಸನ್ ಗಿಬ್ಸ್. 2016ರಲ್ಲಿ ಕ್ರಿಸ್ಟಲ್ ಕ್ರೂಸಸ್ 70 ಕೋಟಿ ಡಾಲರ್ ಖರ್ಚಿನಲ್ಲಿ ಓಡಿಸುವ ಮಾತಾಡಿತು. ಆರು ತಿಂಗಳ ಪರೀಕ್ಷೆಯ ನಂತರ, ಮೈ ಗಟ್ಟಿಯಾಗೇ ಇದೆ, ಆದರೆ ಇಂದಿನ ನಿಯಮಕ್ಕೆ ಹೊಂದಿಸುವುದು ಕಷ್ಟ ಅಂತ ಹಿಂದೆ ಸರಿಯಿತು. ಹೋಟೆಲ್, ಕಚೇರಿ ಅಂತ ಯೋಜನೆಗಳು ಬಂದವು. ಯಾವ ಊರೂ ದಕ್ಕೆ ಕೊಡಲು ಮುಂದೆ ಬರಲಿಲ್ಲ.

ಬಾಡಿಗೆ ತಕರಾರು ಇಲ್ಲಿ ಬರುತ್ತದೆ. 2021ರಲ್ಲಿ ದಕ್ಕೆಯವರು ದಿನದ ಬಾಡಿಗೆಯನ್ನು 850ರಿಂದ 1,700 ಡಾಲರ್‌ಗೆ ಏರಿಸಿದರು. ಮೂಗಿಗಿಂತ ಮೂಗುತಿ ಭಾರವಾಯಿತು. ದೇಣಿಗೆಯಲ್ಲಿ ನಡೆಯುವ ಟ್ರಸ್ಟಿಗೆ ಅದು ಹೊರಲಾರದ ಹೊರೆ. ದಕ್ಕೆಯವರ ಕಡೆಯಿಂದ ನೋಡಿದರೆ, 28 ವರ್ಷ ಜಾಗ ಹಿಡಿದು ನಿಂತ ಬಾಡಿಗೆದಾರ. 2024ರ ಜೂನ್‌ನಲ್ಲಿ ಕೋರ್ಟ್ ತೀರ್ಪು ಬಂತು, ಸೆಪ್ಟೆಂಬರ್ 12ರೊಳಗೆ ಜಾಗ ಖಾಲಿ ಮಾಡಿ ಅಂತ. ಮನೆ ಸಾಮಾನು ಸಾಗಿಸಲೇ ತಿಂಗಳು ಬೇಕು, 990 ಅಡಿಯ ಹಡಗಿಗೆ ಮೂರು ತಿಂಗಳಲ್ಲಿ ಎಲ್ಲಿ ಜಾಗ ಹುಡುಕುವುದು? ಎರಡೇ ದಾರಿ ಉಳಿದವು: ಒಡೆಯುವುದು ಅಥವಾ ಮುಳುಗಿಸುವುದು.

ಒಡೆಯುವುದು ಅಂದರೆ ಏನು ಅಂತ ನಮಗೆ ಗೊತ್ತು. ಫ್ರಾನ್ಸಿನ ಹೆಮ್ಮೆಯಾಗಿದ್ದ ಎಸ್‌ಎಸ್ ಫ್ರಾನ್ಸ್ ಮುಂದೆ ನಾರ್ವೆ ಅನ್ನುವ ಹೆಸರಲ್ಲಿ ಪ್ರವಾಸಿಗರ ಹಡಗಾಗಿ, ಕೊನೆಗೆ ಬ್ಲೂ ಲೇಡಿ ಅನ್ನುವ ಹೆಸರಲ್ಲಿ 2006ರಲ್ಲಿ ಗುಜರಾತಿನ ಅಲಂಗ್ ಕಡಲತೀರಕ್ಕೆ ಬಂತು. ಅದರಲ್ಲೂ ಕಲ್ನಾರು. ಸುಪ್ರೀಂ ಕೋರ್ಟಿನವರೆಗೆ ವ್ಯಾಜ್ಯ ನಡೆಯಿತು. 2007ರಲ್ಲಿ ಅನುಮತಿ ಸಿಕ್ಕಿ, ನಮ್ಮ ಕೂಲಿಗಳ ಕೈಯಲ್ಲಿ ತುಂಡಾಯಿತು. ಉಳಿಸಿಕೊಂಡ ಉದಾಹರಣೆಗಳೂ ಇವೆ. ಕ್ವೀನ್ ಮೇರಿ 1967ರಿಂದ ಕ್ಯಾಲಿಫೋರ್ನಿಯಾದ ಲಾಂಗ್ ಬೀಚ್‌ನಲ್ಲಿದೆ, ರಾಟರ್‌ಡ್ಯಾಮ್ ಹಡಗು ತನ್ನ ಹೆಸರಿನ ಊರಿನಲ್ಲೇ ಹೋಟೆಲಾಗಿದೆ. ಅವೆರಡೂ ಒಳಾಂಗಣ ಇಟ್ಟುಕೊಂಡೇ ದಡ ಸೇರಿದವು, ಊರಿನವರು ತಮ್ಮದು ಅಂತ ಹಿಡಿದುಕೊಂಡರು. ಈ ಹಡಗಿಗೆ ಎರಡೂ ಇರಲಿಲ್ಲ.

2024ರ ಅಕ್ಟೋಬರ್‌ನಲ್ಲಿ ಫ್ಲಾರಿಡಾದ ಒಕಲೂಸಾ ಕೌಂಟಿ (ನಮ್ಮ ಜಿಲ್ಲೆಯಂಥ ಆಡಳಿತ) 10 ಲಕ್ಷ ಡಾಲರ್‌ಗೆ ಹಡಗು ಕೊಂಡಿತು. ಎಳೆದು ತರುವುದು, ತೊಳೆಯುವುದು, ಮುಳುಗಿಸುವುದು ಎಲ್ಲ ಸೇರಿ ಖರ್ಚು ಒಂದು ಕೋಟಿ ಡಾಲರ್ ದಾಟುತ್ತದೆ. ಅವರ ಲೆಕ್ಕ ಸರಳ. ಬರೀ ಮರಳಿನ ತಳವಿರುವ ಸಮುದ್ರದಲ್ಲಿ ಮೀನಿಗೆ ಆಸರೆಯಿಲ್ಲ. ಗಟ್ಟಿ ವಸ್ತು ಇಟ್ಟರೆ ಅದರ ಮೇಲೆ ಪಾಚಿ, ಚಿಪ್ಪು, ಹವಳ ಹಿಡಿಯುತ್ತದೆ. ಅದನ್ನು ತಿನ್ನಲು ಮೀನು ಬರುತ್ತದೆ, ಮೀನು ನೋಡಲು ಡೈವಿಂಗ್ ಮಾಡುವವರು ಬರುತ್ತಾರೆ. ಅಲ್ಲೇ ಹತ್ತಿರದ ಪೆನ್ಸಕೋಲಾ ಎದುರು 2006ರಲ್ಲಿ ಒರಿಸ್ಕನಿ ಅನ್ನುವ ವಿಮಾನವಾಹಕ ಯುದ್ಧನೌಕೆಯನ್ನು ಹೀಗೇ ಇಳಿಸಿದ್ದರು.

2025ರ ಮಾರ್ಚ್ 3ರಂದು ಹಡಗು ಅಲಬಾಮಾದ ಮೊಬೀಲ್ ಬಂದರು ಸೇರಿತು. ಅಲ್ಲಿ ಎಣ್ಣೆ, ತಂತಿ, ಉಳಿದ ಬಣ್ಣ ಎಲ್ಲ ಕೆರೆದು ತೆಗೆಯುವ ಕೆಲಸ. ಆ ಎರಡು ಹೊಗೆಕೊಳವೆಗಳನ್ನು ಬಿಚ್ಚಿ, ದಡದ ಮೇಲೆ ಕಟ್ಟುವ ಮ್ಯೂಸಿಯಂಗೆ ಎತ್ತಿಟ್ಟರು. ಯೋಜನೆಯ ಪ್ರಕಾರ ಹಡಗಿನ ತಳ ಕೂರುವುದು ಸುಮಾರು 180 ಅಡಿ ಆಳದಲ್ಲಿ. ಮೇಲಿನ ಅಂತಸ್ತು ಅರವತ್ತು ಅಡಿಯೊಳಗೇ ಸಿಗುತ್ತದೆ, ಸಾಮಾನ್ಯ ತರಬೇತಿ ಪಡೆದ ಡೈವರ್ ಕೂಡ ಅಲ್ಲಿಯವರೆಗೆ ಇಳಿಯಬಹುದು.