ಯುದ್ಧ ಗೆದ್ದ ಬ್ರಿಟನ್‌ನಲ್ಲಿ ಮನೆಗೆ ಬರ ಬಂದದ್ದೇಕೆ?

ಓದುಗರ ಪ್ರಶ್ನೆ: ಎರಡನೆಯ ಮಹಾಯುದ್ಧ ಗೆದ್ದು ಬಂದ ಸೈನಿಕರ ಕುಟುಂಬಗಳೇ 1946ರಲ್ಲಿ ಬ್ರಿಟನ್ನಿನ ಖಾಲಿ ಸೇನಾ ಶಿಬಿರಗಳಿಗೆ ನುಗ್ಗಿ ನೆಲೆಸಿದವಂತೆ. ಸರ್ಕಾರ ಅವರಿಗೆ ಮನೆ ಕಟ್ಟಿಕೊಡಲಿಲ್ಲವೇ?

ಕಟ್ಟುತ್ತಿತ್ತು, ಆದರೆ ಸಾಲುತ್ತಿರಲಿಲ್ಲ. ಜರ್ಮನ್ ಬಾಂಬುಗಳು ಲಕ್ಷಾಂತರ ಮನೆಗಳನ್ನು ಕೆಡವಿದ್ದವು ನಿಜ. ಅದಕ್ಕಿಂತ ದೊಡ್ಡ ಕೊರತೆ ಬೇರೆಡೆ ಇತ್ತು. ಯುದ್ಧಕ್ಕೆ ಮೊದಲು ಅಲ್ಲಿ ವರ್ಷಕ್ಕೆ 3 ಲಕ್ಷಕ್ಕೂ ಹೆಚ್ಚು ಮನೆಗಳು ಏಳುತ್ತಿದ್ದವು. ಯುದ್ಧದ ಆರು ವರ್ಷ ಆ ಕೆಲಸ ಹೆಚ್ಚುಕಡಿಮೆ ನಿಂತೇಹೋಗಿತ್ತು. ಗಾರೆಯವರು, ಬಡಗಿಗಳು ಸೈನ್ಯ ಸೇರಿದ್ದರು. ಮರಮುಟ್ಟನ್ನು ಹೊರದೇಶದಿಂದ ತರಿಸಲು ಡಾಲರ್ ಇರಲಿಲ್ಲ. ಅದೇ ಹೊತ್ತಿಗೆ ಮದುವೆಗಳಾದವು, ಮಕ್ಕಳು ಹುಟ್ಟಿದವು. ಹೊಸ ದಂಪತಿಗಳು ಅತ್ತೆಯ ಮನೆಯ ಒಂದು ಕೋಣೆಯಲ್ಲಿ ಕೂಸು ಕಟ್ಟಿಕೊಂಡು ಕಾಯಬೇಕಾಯಿತು.

ಕಾಯಲಾರದವರು ಶಿಬಿರಗಳಿಗೆ ಹೋದರು. ಅಲ್ಲಿದ್ದದ್ದು ಅರ್ಧ ಸೀಳಿದ ಪೀಪಾಯಿಯಂಥ ತಗಡಿನ ಗುಡಾರಗಳು. ಒಳಗೆ ಕಂಬಳಿ ಇಳಿಬಿಟ್ಟು ಕೋಣೆ ಮಾಡಿಕೊಂಡರು, ತಮ್ಮತಮ್ಮಲ್ಲೇ ಸಮಿತಿ ಆರಿಸಿಕೊಂಡರು. ಆ ವರ್ಷದ ಅಕ್ಟೋಬರ್ ಹೊತ್ತಿಗೆ ಹೀಗೆ ನೆಲೆಸಿದವರು 40,000ಕ್ಕೂ ಹೆಚ್ಚು. ಇವರನ್ನು ಅತಿಕ್ರಮಣಕಾರರೆಂದು ಕರೆಯಲು ನನಗೆ ಮನಸ್ಸು ಬರುವುದಿಲ್ಲ. ಎಷ್ಟೋ ಕಡೆ ಸ್ಥಳೀಯ ಆಡಳಿತಗಳೇ ನೀರು, ವಿದ್ಯುತ್ ಕೊಟ್ಟು ಬಾಡಿಗೆ ವಸೂಲಿ ಮಾಡತೊಡಗಿದವು. ಆದರೆ ಸೆಪ್ಟೆಂಬರ್‌ನಲ್ಲಿ ಲಂಡನ್ನಿನ ಕೆನ್ಸಿಂಗ್ಟನ್‌ನಲ್ಲಿ ಸಿರಿವಂತರ ಖಾಲಿ ಫ್ಲ್ಯಾಟುಗಳಿಗೆ ಜನ ಹೊಕ್ಕಾಗ ಸರ್ಕಾರ ಸಹಿಸಲಿಲ್ಲ. ಮುಂದಾಳುಗಳ ಮೇಲೆ ಮೊಕದ್ದಮೆ ಹೂಡಿ ಎಲ್ಲರನ್ನೂ ತೆರವುಗೊಳಿಸಿತು.

ತುರ್ತಿಗೆಂದು ಬಂದದ್ದು ‘ಪ್ರೀಫ್ಯಾಬ್’. ಕಾರ್ಖಾನೆಯಲ್ಲೇ ಭಾಗಭಾಗವಾಗಿ ತಯಾರಾಗಿ, ತಂದು ಜೋಡಿಸುವ ಮನೆ. ವಿಮಾನ ತಯಾರಿಸುತ್ತಿದ್ದ ಕಾರ್ಖಾನೆಗಳೂ ಅಲ್ಯೂಮಿನಿಯಂ ಮನೆಗಳನ್ನು ಮಾಡಿದವು. 1949ರವರೆಗೆ ಸುಮಾರು 1.56 ಲಕ್ಷ ಎದ್ದವು. ಹೊರಗಿನ ಪಾಯಿಖಾನೆಯಲ್ಲೇ ಬೆಳೆದವರಿಗೆ ಮನೆಯೊಳಗೇ ಸ್ನಾನಗೃಹ, ಬಿಸಿನೀರು! ಹತ್ತು ವರ್ಷಕ್ಕೆಂದು ಕಟ್ಟಿದ್ದ ಅವುಗಳಲ್ಲಿ ಜನ ದಶಕಗಟ್ಟಲೆ ಬಾಳಿದರು.

ಶಾಶ್ವತ ಮನೆಗಳು ನಿಧಾನವಾದದ್ದಕ್ಕೆ ವಸತಿಯ ಹೊಣೆ ಹೊತ್ತಿದ್ದ ಸಚಿವ ಅನ್ಯೂರಿನ್ ಬೆವನ್ ಬಹಳ ಟೀಕೆ ಕೇಳಬೇಕಾಯಿತು. ಬಡವರ ಮನೆಯೆಂದು ಅಳತೆ ತಗ್ಗಿಸಲು ಅವರು ಒಪ್ಪಲಿಲ್ಲ. ಮೂರು ಮಲಗುವ ಕೋಣೆಗಳ ಮನೆ ಕನಿಷ್ಠ 900 ಚದರಡಿ ಇರಲೇಬೇಕೆಂದು ಹಟ ಹಿಡಿದರು. ಆ ಹಟ ಸರಿಯೆಂದೇ ನನ್ನ ನಂಬಿಕೆ. ಆದರೆ ಅದರ ಬೆಲೆಯನ್ನು ತಗಡಿನಡಿ ಚಳಿಗಾಲ ಕಳೆದವರೂ ತೆತ್ತರು. ಕೆಲವು ಶಿಬಿರಗಳು 1950ರ ದಶಕದ ಕೊನೆಯವರೆಗೂ ಖಾಲಿಯಾಗಲಿಲ್ಲ.