ಇಲ್ಲಿ ವೀರ, ಅಲ್ಲಿ ಕ್ರೂರಿ: ಸಿನಿಮಾದ ಸುಲ್ತಾನರನ್ನು ಎಷ್ಟು ನಂಬಬಹುದು?

ಪ್ರಶ್ನೆ: ಒಬ್ಬನೇ ಸುಲ್ತಾನ ಒಂದು ದೇಶದ ಸಿನಿಮಾದಲ್ಲಿ ವೀರ, ಇನ್ನೊಂದು ದೇಶದ ಸಿನಿಮಾದಲ್ಲಿ ಕ್ರೂರಿ. ಹಿಂದಿ ಸಿನಿಮಾದಲ್ಲಿ ಅಕ್ಬರ್ ಒಳ್ಳೆಯವನು, ಖಿಲ್ಜಿ ಕೆಟ್ಟವನು. ಇದರಲ್ಲಿ ಯಾವುದನ್ನು ನಂಬಬೇಕು?

ಉತ್ತರ: ಇತಿಹಾಸ ಅಂತ ಯಾವುದನ್ನೂ ನಂಬಬೇಡಿ. ಹಾಗಂತ ಸುಮ್ನೆ ತಳ್ಳಿಹಾಕಲೂ ಬೇಡಿ. ರಾಜ ಯಾವ ಶತಮಾನದವನೇ ಆಗಿರಲಿ, ತೆರೆಯ ಮೇಲೆ ಅವನು ಆಡುವುದು ಸಿನಿಮಾ ತೆಗೆದ ವರ್ಷದ ಮಾತು. ಯಾರು ತೆಗೆದರು, ಯಾವಾಗ ತೆಗೆದರು ಅಂತ ನೋಡಿದರೆ ಅರ್ಧ ಉತ್ತರ ಅಲ್ಲೇ ಸಿಗುತ್ತದೆ.

ಸಲಾಹುದ್ದೀನನನ್ನೇ ತೆಗೆದುಕೊಳ್ಳಿ. 1187ರಲ್ಲಿ ಕ್ರುಸೇಡರ್‌ಗಳಿಂದ, ಅಂದರೆ ಯೂರೋಪಿನಿಂದ ಧರ್ಮಯುದ್ಧಕ್ಕೆ ಬಂದ ಕ್ರೈಸ್ತ ಯೋಧರಿಂದ, ಜೆರುಸಲೇಂ ಗೆದ್ದುಕೊಂಡ ಈತ ಅರಬನಲ್ಲ, ಕುರ್ದ್ ಮನೆತನದವನು. ಆದರೆ 1963ರಲ್ಲಿ ಈಜಿಪ್ಟಿನ ಯೂಸುಫ್ ಶಾಹೀನ್ ‘ಅನ್ನಾಸಿರ್ ಸಲಾಹುದ್ದೀನ್’ ತೆಗೆದಾಗ ಆತ ಅರಬರನ್ನೆಲ್ಲ ಒಂದು ಮಾಡುವ ನಾಯಕನಾದ. ಆಗ ಈಜಿಪ್ಟಿನ ಅಧ್ಯಕ್ಷರಾಗಿದ್ದವರು ಗಮಾಲ್ ಅಬ್ದುಲ್ ನಾಸರ್. ಅರಬ್ ಒಗ್ಗಟ್ಟು ಅವರ ದೊಡ್ಡ ಕನಸು. ಸಿರಿಯಾ ಜೊತೆ 1958ರಲ್ಲಿ ಕಟ್ಟಿದ ಒಕ್ಕೂಟ 1961ರಲ್ಲಿ ಮುರಿದುಬಿದ್ದಿತ್ತು. ಆ ನೋವು ಇನ್ನೂ ಹಸಿಯಾಗಿದ್ದಾಗ ಬಂದ ಸಿನಿಮಾ ಇದು. ಇಸಾ ಅಲ್ ಅವ್ವಾಮ್ ಎಂಬ ಯೋಧ ಇತಿಹಾಸದಲ್ಲಿ ಮುಸ್ಲಿಂ. ಸಿನಿಮಾದಲ್ಲಿ ಅವನು ಸುಲ್ತಾನನ ಪರ ಹೋರಾಡುವ ಕ್ರೈಸ್ತ ಅರಬ. ಶಾಹೀನ್ ಕೂಡ ಕ್ರೈಸ್ತ ಕುಟುಂಬದಲ್ಲಿ ಹುಟ್ಟಿದವರು. ಧರ್ಮ ಯಾವುದೇ ಇರಲಿ, ಅರಬರು ಒಂದೇ ಅಂತ ಹೇಳಲು ಅವರಿಗೆ ಈ ಬದಲಾವಣೆ ಬೇಕಿತ್ತು.

ಹಾಲಿವುಡ್‌ನಲ್ಲಿ ಇದೇ ಸಲಾಹುದ್ದೀನ್ 1954ರಲ್ಲಿ ರೆಕ್ಸ್ ಹ್ಯಾರಿಸನ್ ಎಂಬ ಇಂಗ್ಲಿಷ್ ನಟ. ಮುಖಕ್ಕೆ ಕಂದು ಬಣ್ಣ ಬಳಿದುಕೊಂಡು ಪಾತ್ರ ಮಾಡಿದರು. 2005ರ ‘ಕಿಂಗ್‌ಡಮ್ ಆಫ್ ಹೆವನ್’ ಹೊತ್ತಿಗೆ ಕಾಲ ಬದಲಾಗಿತ್ತು. ಪಾತ್ರ ಸಿರಿಯಾದ ನಟ ಘಸ್ಸಾನ್ ಮಸೂದ್ ಅವರಿಗೆ ಸಿಕ್ಕಿತು. ಅಮೆರಿಕ ಇರಾಕ್ ಮೇಲೆ ದಾಳಿ ಮಾಡಿ ಎರಡು ವರ್ಷವಾಗಿತ್ತು. ಆಗ ನಿರ್ದೇಶಕ ರಿಡ್ಲಿ ಸ್ಕಾಟ್ ತೋರಿಸಿದ ಸುಲ್ತಾನ ಘನತೆಯ ಮನುಷ್ಯ. ಜೆರುಸಲೇಂ ಗೆದ್ದ ಮೇಲೆ ನೆಲಕ್ಕೆ ಬಿದ್ದಿದ್ದ ಶಿಲುಬೆಯನ್ನು ಎತ್ತಿ ಮೇಜಿನ ಮೇಲಿಡುತ್ತಾನೆ. ಊರಿನ ಜನರನ್ನೆಲ್ಲ ಸುರಕ್ಷಿತವಾಗಿ ಕಳಿಸುತ್ತೇನೆ ಅನ್ನುತ್ತಾನೆ.

ಇಲ್ಲಿ ಸ್ವಲ್ಪ ನಿಲ್ಲೋಣ. 1099ರಲ್ಲಿ ಕ್ರುಸೇಡರ್‌ಗಳು ಇದೇ ಊರಿನಲ್ಲಿ ಸಿಕ್ಕಸಿಕ್ಕವರನ್ನು ಕೊಂದಿದ್ದರು. ಸಲಾಹುದ್ದೀನ್ ಹಾಗೆ ಮಾಡಲಿಲ್ಲ. ಇದು ಸಣ್ಣ ಮಾತಲ್ಲ. ಆದರೆ ಊರು ಬಿಟ್ಟು ಹೋಗಲು ಗಂಡಸಿಗೆ 10 ದಿನಾರ್, ಹೆಂಗಸಿಗೆ 5 ದಿನಾರ್ ಬಿಡುಗಡೆ ಹಣ ಅಂತ ಒಪ್ಪಂದವಾಗಿತ್ತು. ಕೈಯಲ್ಲಿ ದುಡ್ಡಿಲ್ಲದ ಎಷ್ಟೋ ಜನರನ್ನು ಆತ ಹಾಗೇ ಬಿಟ್ಟುಕಳಿಸಿದ. ಆದರೂ ಸಾವಿರಾರು ಜನ ಗುಲಾಮರಾದರು. ಅದೇ ವರ್ಷ ಹತ್ತೀನ್ ಯುದ್ಧದ ನಂತರ ಸೆರೆಸಿಕ್ಕ ಟೆಂಪ್ಲರ್ ಮತ್ತು ಹಾಸ್ಪಿಟಲರ್ ಎಂಬ ಕ್ರೈಸ್ತ ಪಂಗಡಗಳ ಯೋಧರನ್ನು ಕೊಲ್ಲಿಸಿದ್ದೂ ಇವನೇ. ಸಿನಿಮಾ ಒಳ್ಳೆಯ ಉದ್ದೇಶದಿಂದಲೇ ಇವನ್ನು ಬಿಟ್ಟಿರಬಹುದು. ಆದರೆ ನನ್ನ ಅನಿಸಿಕೆ ಕೇಳಿದರೆ, ಹೊಗಳುವ ಸಿನಿಮಾ ಕೂಡ ರಾಜನನ್ನು ಚಿಕ್ಕವನನ್ನಾಗಿ ಮಾಡುತ್ತದೆ. ಲೆಕ್ಕ ಹಾಕುವ, ಕೆಲವರನ್ನು ಕ್ಷಮಿಸುವ, ಇನ್ನು ಕೆಲವರನ್ನು ಕ್ಷಮಿಸದ ಆಡಳಿತಗಾರ ಹೋಗಿ ಒಬ್ಬ ಸಂತ ಉಳಿಯುತ್ತಾನೆ.

ಶಾಹೀನ್ ಮತ್ತೆ 12ನೇ ಶತಮಾನಕ್ಕೆ ಬಂದದ್ದು 1997ರಲ್ಲಿ, ‘ಅಲ್ ಮಸೀರ್’ ಚಿತ್ರದಲ್ಲಿ. ಈ ಸಲ ಸ್ಪೇನಿನ ಕಾರ್ಡೋಬಾ. ಅಲ್ಲಿನ ಖಲೀಫ ಅಲ್ ಮನ್ಸೂರ್ ವೀರನಲ್ಲ, ರಾಕ್ಷಸನೂ ಅಲ್ಲ. ಮತಾಂಧರ ಒತ್ತಡಕ್ಕೆ ಸಿಕ್ಕು, ತನ್ನದೇ ಆಸ್ಥಾನದ ತತ್ವಜ್ಞಾನಿ ಇಬ್ನ್ ರುಶ್ದ್‌ನ ಪುಸ್ತಕಗಳನ್ನು ಸುಡಿಸುವ ದೊರೆ. ಅಷ್ಟು ಹೊತ್ತಿಗೆ ಈಜಿಪ್ಟೂ ಬೇರೆಯಾಗಿತ್ತು. 1994ರಲ್ಲಿ ಕಾದಂಬರಿಕಾರ ನಜೀಬ್ ಮಹಫೂಜ್ ಅವರ ಕುತ್ತಿಗೆಗೆ ಮತಾಂಧನೊಬ್ಬ ಇರಿದಿದ್ದ. ಅದೇ ವರ್ಷ ಬಂದ ಶಾಹೀನರ ಇನ್ನೊಂದು ಸಿನಿಮಾ ನಿಷೇಧಕ್ಕೆ ಒಳಗಾಗಿತ್ತು. ನಿರ್ದೇಶಕ ಅದೇ, ದೇಶ ಅದೇ. 34 ವರ್ಷದಲ್ಲಿ ತೆರೆಯ ಮೇಲಿನ ದೊರೆ ಮಾತ್ರ ಪೂರ್ತಿ ಬದಲಾದ.

ಖಳನಾಯಕರ ವಿಷಯಕ್ಕೆ ಬಂದರೆ, ಅವರ ಸಾವನ್ನು ಗಮನಿಸಿ. ಸ್ಪೇನಿನ ಯೋಧ ಸಿದ್‌ನ ಕಥೆ ಹೇಳುವ 1961ರ ‘ಎಲ್ ಸಿದ್’ ಚಿತ್ರದ ಕೊನೆಗೆ ಮೊರಾಕ್ಕೊದಿಂದ ಬಂದ ಕಪ್ಪು ಬಟ್ಟೆಯ ಬೆನ್ ಯೂಸುಫ್ ಕುದುರೆಗಳ ಕಾಲಡಿ ಸಾಯುತ್ತಾನೆ. ನಿಜವಾದ ಯೂಸುಫ್ ಇಬ್ನ್ ತಾಶ್ಫೀನ್ 1106ರವರೆಗೂ ಬದುಕಿದ್ದ. ಸಿದ್ 1099ರಲ್ಲೇ ತೀರಿಕೊಂಡಿದ್ದ! 2014ರ ‘ಡ್ರಾಕುಲಾ ಅನ್‌ಟೋಲ್ಡ್’ನಲ್ಲಿ ಒಟ್ಟೋಮನ್ ದೊರೆ ಎರಡನೇ ಮೆಹಮದನನ್ನು, ಡ್ರಾಕುಲಾ ಅಂತ ಹೆಸರಾದ ರಾಜ ವ್ಲಾಡ್ ಕೊಲ್ಲುತ್ತಾನೆ. ವ್ಲಾಡ್ ಸತ್ತು ನಾಲ್ಕು ವರ್ಷದ ಮೇಲೆ, 1481ರಲ್ಲಿ, ಮೆಹಮದ್ ತೀರಿಕೊಂಡ ಅನ್ನುವುದು ನಿಜವಾದ ಲೆಕ್ಕ. ಇತಿಹಾಸದಲ್ಲಿ ಗೆದ್ದು ಬದುಕಿದವನನ್ನು ಸಿನಿಮಾ ಬೇಗ ಕೊಂದು ಪ್ರೇಕ್ಷಕರನ್ನು ಸಮಾಧಾನ ಮಾಡುತ್ತದೆ. ಇದೇ ಮೆಹಮದ್ 2012ರ ಟರ್ಕಿಯ ‘ಫೆತಿಹ್ 1453’ರಲ್ಲಿ ಕಳಂಕವೇ ಇಲ್ಲದ ವೀರ. 21ನೇ ವಯಸ್ಸಿಗೆ ಕಾನ್‌ಸ್ಟಾಂಟಿನೋಪಲ್ ಗೆದ್ದದ್ದು ನಿಜವೇ. ಆದರೆ ಅದರ ನಂತರ ನಡೆದ ಲೂಟಿಯ ದಿನಗಳು ಆ ಚಿತ್ರದಲ್ಲಿಲ್ಲ. ವೆನಿಸ್‌ನಿಂದ ಜೆಂಟೀಲೆ ಬೆಲ್ಲಿನಿಯನ್ನು ಕರೆಸಿ ತನ್ನ ಚಿತ್ರ ಬರೆಸಿಕೊಂಡ, ಗ್ರೀಕ್ ಚರ್ಚಿಗೆ ತಾನೇ ಹೊಸ ಮುಖ್ಯಸ್ಥನನ್ನು ನೇಮಿಸಿದ ಮೆಹಮದ್ ಎರಡೂ ಚಿತ್ರಗಳಿಗೆ ಬೇಕಾಗಲಿಲ್ಲ. ಇಂಥ ಮೆಹಮದನ ಮೇಲೆ ಒಂದು ಸಿನಿಮಾ ಬಂದರೆ ನಾನಂತೂ ಮೊದಲ ದಿನವೇ ನೋಡುತ್ತೇನೆ.

ಈಗ ಅಕ್ಬರ್ ಮತ್ತು ಖಿಲ್ಜಿ. ನೀವು ಕೇಳಿದ ಪ್ರಶ್ನೆಯ ತಿರುಳು ಇಲ್ಲೇ ಇದೆ. 1960ರ ‘ಮುಘಲ್ ಎ ಆಜಂ’ ಶುರುವಾಗುವುದೇ ಹಿಂದೂಸ್ತಾನದ ನಕ್ಷೆ ಎದ್ದುನಿಂತು ಮಾತಾಡುವುದರಿಂದ. ಪೃಥ್ವಿರಾಜ್ ಕಪೂರ್ ಮಾಡಿದ ಅಕ್ಬರ್ ಅರಮನೆಯಲ್ಲಿ ಕೃಷ್ಣ ಜನ್ಮಾಷ್ಟಮಿ ನಡೆಯುತ್ತದೆ. ದೇಶ ವಿಭಜನೆಯ ಗಾಯ ಮಾಯುವ ಮುಂಚೆ, ಎಲ್ಲರನ್ನೂ ಜೊತೆಗಿಟ್ಟುಕೊಳ್ಳುವ ಒಬ್ಬ ತಂದೆ ಆಗ ಬೇಕಾಗಿದ್ದ. 2018ರ ‘ಪದ್ಮಾವತ್’ನ ಅಲಾವುದ್ದೀನ್ ಖಿಲ್ಜಿ ಮಾಂಸವನ್ನು ಹರಿದು ತಿನ್ನುತ್ತಾನೆ, ಕತ್ತಲೆಯಲ್ಲೇ ಬದುಕುತ್ತಾನೆ. ಅವನು 1303ರಲ್ಲಿ ಚಿತ್ತೋರ್ ಮುತ್ತಿಗೆ ಹಾಕಿ ಗೆದ್ದದ್ದು ನಿಜ. ಪದ್ಮಾವತಿಯ ಕಥೆಯನ್ನು ಕವಿ ಜಾಯಸಿ ಬರೆದದ್ದು ಮಾತ್ರ ಅದಾಗಿ ಇನ್ನೂರು ವರ್ಷ ದಾಟಿದ ಮೇಲೆ, 1540ರ ಹೊತ್ತಿಗೆ. ದಿಲ್ಲಿಯ ಮಾರುಕಟ್ಟೆಯಲ್ಲಿ ಧಾನ್ಯದ ಬೆಲೆ ಹಿಡಿದಿಟ್ಟ, ಮಂಗೋಲರ ದಾಳಿಗಳನ್ನು ಮತ್ತೆ ಮತ್ತೆ ಹಿಮ್ಮೆಟ್ಟಿಸಿದ ಖಿಲ್ಜಿಗೆ ಈ ಕಥೆಯಲ್ಲಿ ಜಾಗವಿಲ್ಲ.

ಇನ್ನೊಂದು ವಿಷಯ ಹೇಳಲೇಬೇಕು. ಅಕ್ಬರ್ ಕೂಡ ಚಿತ್ತೋರ್ ಗೆದ್ದ, 1568ರಲ್ಲಿ. ಆಗಲೂ ಕೋಟೆಯೊಳಗೆ ಜೌಹರ್ ನಡೆಯಿತು, ಅಂದರೆ ಶತ್ರುವಿನ ಕೈಗೆ ಸಿಗಬಾರದು ಅಂತ ಹೆಂಗಸರು ಒಟ್ಟಿಗೆ ಬೆಂಕಿಗೆ ಹಾರಿದರು. ಕೋಟೆ ಬಿದ್ದ ಮೇಲೆ ಸಾವಿರಾರು ಜನರನ್ನು ಕೊಲ್ಲಲಾಯಿತು. ಅದೇ ಕೋಟೆ, ಅದೇ ರೀತಿಯ ಮುತ್ತಿಗೆ, ಅದೇ ಬೆಂಕಿ. ಒಬ್ಬನ ಹೆಸರು ಕೇಳಿದರೆ ನಮಗೆ ಕೊಳಲು, ಪ್ರೀತಿ, ದರ್ಬಾರು ನೆನಪಾಗುತ್ತದೆ. ಇನ್ನೊಬ್ಬನ ಹೆಸರು ಕೇಳಿದರೆ ರಕ್ತ. ಈ ಅಂತರದಲ್ಲಿ ಸಿನಿಮಾದ ಪಾಲು ಬಹಳ ದೊಡ್ಡದು ಅಲ್ವಾ? ಹಾಗಂತ ಎಲ್ಲ ಕ್ರೌರ್ಯವೂ ಕಟ್ಟುಕಥೆ ಅಂತ ತಿಳಿಯಬೇಡಿ. 2025ರ ‘ಛಾವಾ’ದಲ್ಲಿ ಔರಂಗಜೇಬ ಸಂಭಾಜಿಯನ್ನು ಚಿತ್ರಹಿಂಸೆ ಕೊಟ್ಟು ಕೊಲ್ಲಿಸುವುದು 1689ರಲ್ಲಿ ನಡೆದ ಘಟನೆಯೇ.

ಇದೆಲ್ಲ ಬೇರೆ ಧರ್ಮದವರು ಮುಸ್ಲಿಂ ದೊರೆಗಳನ್ನು ತೋರಿಸುವ ಜಗಳ ಮಾತ್ರ ಅಂದುಕೊಂಡರೂ ತಪ್ಪು. ‘ಪದ್ಮಾವತ್’ ಅನ್ನು ಮಲೇಷ್ಯಾ ನಿಷೇಧಿಸಿತು, ಪಾಕಿಸ್ತಾನ ಒಂದೂ ಕತ್ತರಿ ಹಾಕದೆ ಬಿಟ್ಟಿತು. ಎರಡನೇ ಖಲೀಫ ಉಮರ್ ಮೇಲೆ 2012ರಲ್ಲಿ ಅರಬ್ ಧಾರಾವಾಹಿ ಬಂದಾಗ, ಆರಂಭ ಕಾಲದ ಖಲೀಫರ ಮುಖ ತೋರಿಸುವುದನ್ನೇ ಕೈರೋದ ಧಾರ್ಮಿಕ ವಿದ್ಯಾಪೀಠ ಅಲ್ ಅಜ್ಹರ್ ಒಪ್ಪಲಿಲ್ಲ. 2025ರ ರಂಜಾನ್‌ನಲ್ಲಿ ಬಂದ ‘ಮುಆವಿಯಾ’ ಧಾರಾವಾಹಿ ತಮ್ಮ ಚಾನೆಲ್‌ಗಳಲ್ಲಿ ಬೇಡ ಅಂತ ಇರಾಕ್ ತಡೆಯಿತು. ಮುಆವಿಯಾ ಸುನ್ನಿಗಳಿಗೆ ಗೌರವದ ದೊರೆ, ಶಿಯಾಗಳಿಗೆ ಪ್ರವಾದಿಯ ಅಳಿಯ ಅಲಿಯ ವಿರುದ್ಧ ನಿಂತವನು. ಇನ್ನು ಸೋವಿಯತ್ ಕಾಲದ ಉಜ್ಬೆಕಿಸ್ತಾನ ಆರಿಸಿಕೊಂಡದ್ದು ಸಮರಕಂದದಲ್ಲಿ ವೀಕ್ಷಣಾಲಯ ಕಟ್ಟಿದ ಉಲುಗ್ ಬೇಗ್‌ನನ್ನು. ವಿಜ್ಞಾನಿ ರಾಜ ಮಾಸ್ಕೋಗೂ ಒಪ್ಪಿಗೆಯಾಗುತ್ತಿದ್ದ.

ಹಾಗಾದರೆ ಮುಂದಿನ ಸಲ ಇಂಥ ಸಿನಿಮಾ ನೋಡಿದಾಗ ಏನು ಮಾಡಬಹುದು? ಆ ರಾಜ ತನ್ನದೇ ಧರ್ಮದ ಯಾವ ದೊರೆಗಳ ಜೊತೆ ಹೊಡೆದಾಡಿದ ಅಂತ ಹುಡುಕಿ ನೋಡಿ. ಸಿನಿಮಾಗಳು ಅತಿ ಹೆಚ್ಚು ಮರೆಮಾಚುವುದು ಇದನ್ನೇ. ಸಲಾಹುದ್ದೀನ್ ಜೆರುಸಲೇಂಗೆ ಹೋಗುವ ಮುಂಚೆ ವರ್ಷಗಟ್ಟಲೆ ಅಲೆಪ್ಪೊ, ಮೊಸೂಲ್‌ಗಳ ಮುಸ್ಲಿಂ ದೊರೆಗಳ ಮೇಲೆ ಯುದ್ಧ ಮಾಡಿದ. ತೈಮೂರ್ 1402ರಲ್ಲಿ ಅಂಕಾರಾ ಹತ್ತಿರ ಒಟ್ಟೋಮನ್ ಸುಲ್ತಾನ ಬಾಯಜೀದನನ್ನೇ ಸೆರೆಹಿಡಿದ. ಬಾಬರ್ 1526ರಲ್ಲಿ ಪಾಣಿಪತ್‌ನಲ್ಲಿ ಸೋಲಿಸಿದ್ದು ಇಬ್ರಾಹಿಂ ಲೋದಿಯನ್ನು. ಔರಂಗಜೇಬ 1686ರಲ್ಲಿ ಬಿಜಾಪುರದ ಆದಿಲ್ ಶಾಹಿಯನ್ನೂ ಮರುವರ್ಷ ಗೋಲ್ಕೊಂಡದ ಕುತುಬ್ ಶಾಹಿಯನ್ನೂ ಮುಗಿಸಿದ. ಆ ಎರಡು ವರ್ಷಗಳು ಇದ್ದಹಾಗೆ ತೆರೆಗೆ ಬಂದರೆ, ಔರಂಗಜೇಬನನ್ನು ಬೈಯುವವರೂ ಹೊಗಳುವವರೂ ತಮ್ಮ ವಾದವನ್ನು ಸ್ವಲ್ಪ ತಿದ್ದಿಕೊಳ್ಳಬೇಕಾಗುತ್ತದೆ.