ಮಾತು ತೆಗೆದರೆ ಹೆಜ್ಜೆಯೂ ಹೋಗುತ್ತದೆ

'ವಿಐಗೇನು, ಮಾತಿನ ಟ್ರ್ಯಾಕ್ ಮ್ಯೂಟ್ ಮಾಡಿ ಕೊಟ್ಟುಬಿಡಿ.' ಮೊದಲ ಚಿತ್ರ ಮಾಡುವ ಫ್ರೆಂಚ್ ನಿರ್ಮಾಪಕರ ಬಾಯಲ್ಲಿ ಇದು ತಪ್ಪದೆ ಬರುತ್ತದೆ. ವಿಐ ಎಂದರೆ ಜರ್ಮನಿ, ಇಟಲಿ, ಸ್ಪೇನ್‌ಗಳ ಡಬ್ಬಿಂಗ್‌ಗಾಗಿ ಕಳಿಸುವ ಮಾತಿಲ್ಲದ ಮಿಕ್ಸ್: ಸಂಗೀತ ಮತ್ತು ಶಬ್ದ ಮಾತ್ರ.

ಸರಿ, ಮ್ಯೂಟ್ ಮಾಡಿ ಕೇಳಿ. ನಟಿ ಮಾತಾಡುತ್ತಲೇ ಕುರ್ಚಿ ಎಳೆದು, ಕಪ್ ಇಟ್ಟಿದ್ದಾಳೆ. ಮಾತು ಹೋದಾಗ ಕುರ್ಚಿ, ಕಪ್, ಕೋಟಿನ ಸರಭರ, ಕಿಟಕಿಯಾಚೆಯ ಬೀದಿಯ ಗುಂಯ್‌ಗುಡುವಿಕೆ ಎಲ್ಲವೂ ಹೋದವು. ಆಕೆ ಬಾಯಿ ಮುಚ್ಚಿದ ಕೂಡಲೇ ಬೀದಿ ಧುತ್ತೆಂದು ಮರಳುತ್ತದೆ. ನಮ್ಮ ಕನ್ನಡ ಚಿತ್ರಗಳಲ್ಲಿ ಮಾತನ್ನು ಬಹುತೇಕ ಡಬ್ಬಿಂಗ್ ಥಿಯೇಟರಿನಲ್ಲೇ ಹೇಳಿಸುವುದರಿಂದ ಈ ತೊಡಕು ಅಷ್ಟಾಗಿ ಇಲ್ಲ. ಫ್ರಾನ್ಸಿನವರಿಗೆ ಸೆಟ್ಟಿನ ನೇರ ಧ್ವನಿಯೇ ಬೇಕು. ಆ ಧ್ವನಿಯಲ್ಲಿ ಮಾತೂ ಕಪ್ಪೂ ಒಂದೇ ಮೈಕಿಗೆ ಬಿದ್ದಿರುತ್ತವೆ. ಬೇರ್ಪಡಿಸುವ ಸಾಫ್ಟ್‌ವೇರ್ ಈಗ ಇದೆ, ಆದರೆ ಮಾತಿನ ಚೂರು ಉಳಿಯುತ್ತದೆ ಇಲ್ಲವೇ ಹೆಜ್ಜೆ ಸವೆಯುತ್ತದೆ. ಅದನ್ನೇ ನಂಬಿ ಕೂರಬೇಡಿ.

ಆದ್ದರಿಂದ ಬ್ರುಯಿತರ್ ಬೇಕು. ನಮ್ಮವರು ಫೋಲಿ ಕಲಾವಿದ ಎನ್ನುತ್ತಾರಲ್ಲ, ಅವರೇ: ಚಿತ್ರ ನೋಡುತ್ತಾ ಸದ್ದುಗಳನ್ನು ಸ್ಟುಡಿಯೋದಲ್ಲಿ ಮತ್ತೆ ಹುಟ್ಟಿಸುವವರು. ರೀಲಿನಿಂದ ರೀಲಿಗೆ ಮೊದಲು ಹೆಜ್ಜೆ, ಆಮೇಲೆ ಬಟ್ಟೆ, ಕೊನೆಗೆ ವಸ್ತುಗಳು. ಪಾರ್ಕೆ ಎನ್ನುವ ಮರದ ನೆಲ, ಗ್ರಾನೈಟ್ ಕಲ್ಲು, ಜಲ್ಲಿಗೆ ಬೇರೆಬೇರೆ ಹಾಸು; ಹಿಮಕ್ಕೆ ಜೋಳದ ಹಿಟ್ಟು ತುಂಬಿದ ಚರ್ಮದ ಚೀಲ. ಸೆಕೆಂಡಿಗೆ 24 ಫ್ರೇಮಿನ ಚಿತ್ರದಲ್ಲಿ ಒಂದು ಫ್ರೇಮ್ ಎಂದರೆ ಸುಮಾರು 42 ಮಿಲಿಸೆಕೆಂಡ್. ಹಿಮ್ಮಡಿ ಎರಡು ಫ್ರೇಮ್ ತಡವಾದರೆ ಕಣ್ಣೇ ದೂರುತ್ತದೆ. ಸೆಟ್ಟಿನಲ್ಲಿ ಬೂಮ್, ಅಂದರೆ ಉದ್ದ ಕೋಲಿನ ತುದಿಯ ಮೈಕು, ಒಂದು ಮೀಟರ್ ಮೇಲಿದ್ದಾಗ ಸ್ಟುಡಿಯೋ ಮೈಕನ್ನು 30 ಸೆಂಟಿಮೀಟರಿಗೆ ತಂದರೆ ಹೆಜ್ಜೆ ತೇಪೆ ಹಾಕಿದಂತೆ ಕೇಳುತ್ತದೆ. 'ನೆಲ ತಟ್ಟುವುದಕ್ಕೆ ಇಷ್ಟು ದಿನವೇ?' ಎನ್ನುವವರಿದ್ದಾರೆ. 2021ರಲ್ಲಿ ಧ್ವನಿಯ ಆಸ್ಕರ್ ಹಂಚಿಕೊಂಡ ನಿಕೋಲಾ ಬೆಕರ್ ಕೂಡ ಇದೇ ನೆಲ ತಟ್ಟಿದವರು.

ಖರ್ಚು ಉಳಿಸುವ ಜಾಗ ಸ್ಟುಡಿಯೋ ಅಲ್ಲ, ಸೆಟ್. ಪ್ರತಿ ಲೊಕೇಶನ್ ಬಿಡುವ ಮುನ್ನ ಧ್ವನಿಗ್ರಾಹಕರಿಗೆ ಐದು ನಿಮಿಷ ಕೊಡಿ: ಒಂದು ನಿಮಿಷ ಖಾಲಿ ಕೋಣೆಯ ಸದ್ದು, ಬಾಗಿಲು, ಮೆಟ್ಟಿಲು, ಕಾರು, ಇವೆಲ್ಲ ಮಾತಿಲ್ಲದೆ. ಸೊನ್ ಸಲ್ ಎನ್ನುವ ಈ ಬಿಡಿ ಶಬ್ದಗಳಿಗೆ ಸಹಾಯಕ ನಿರ್ದೇಶಕರು ಗಡಿಯಾರ ನೋಡುತ್ತಾರೆ. ಅವರ ಪಾಡು ಅರ್ಥವಾಗುತ್ತದೆ, ಆದರೂ ಕೊಡಿ. ಆ ಮನೆಯ ಹಳೆಯ ಮೆಟ್ಟಿಲಿನ ಕಿರುಗುಟ್ಟುವಿಕೆ ಯಾವ ಲೈಬ್ರರಿಯಲ್ಲೂ ಸಿಗದು.

ಉಸಿರು, ಚೀರಾಟ, ಸಿಳ್ಳೆ ಪ್ರತ್ಯೇಕ ಐಚ್ಛಿಕ ಟ್ರ್ಯಾಕಿಗೆ. ಕೆಫೆಯ ಗದ್ದಲದಲ್ಲಿ ಒಂದೇ ಒಂದು ಫ್ರೆಂಚ್ ಪದ ಸ್ಪಷ್ಟವಾಗಿ ಕೇಳಿಸಿದರೂ ಅದನ್ನು ತೆಗೆಯಬೇಕು. ಟಿವಿಗೆ ಸೆಕೆಂಡಿಗೆ 25 ಫ್ರೇಮಿನ ಪ್ರತಿ ಕೊಟ್ಟು ವಿಐಯನ್ನು 24ರಲ್ಲೇ ಬಿಟ್ಟರೆ ಶಬ್ದ ಚಿತ್ರದಿಂದ ನಿಮಿಷಕ್ಕೆ 2.4 ಸೆಕೆಂಡ್ ಜಾರುತ್ತದೆ.

ವಿಐ ಪರೀಕ್ಷೆಯನ್ನು ಬ್ರುಯಿತರ್ ಇನ್ನೂ ನಿಮ್ಮ ಒಪ್ಪಂದದಲ್ಲಿರುವಾಗಲೇ ಮುಗಿಸಿ. ಮ್ಯೂನಿಕ್‌ನ ಡಬ್ಬಿಂಗ್ ಸ್ಟುಡಿಯೋದಿಂದ ಟ್ರ್ಯಾಕ್ ವಾಪಸು ಬರುವ ಹೊತ್ತಿಗೆ ಅವರು ಇನ್ನೊಂದು ಚಿತ್ರದಲ್ಲಿರುತ್ತಾರೆ, ಆ ಬೂಟುಗಳೂ ಅವರ ಕಾಲಲ್ಲೇ ಇರುತ್ತವೆ.